ಉಣ್ಣೆ ಮತ್ತು ತಂತಿಯಿಂದ ಕುರಿಮರಿ ಮಾಡುವ ವಿಧಾನ



ಹೋದ ಸಂಚಿಕೆಯಲ್ಲಿ ಆರನೇ ತರಗತಿಯವರು ತೆಂಗಿನ ಗರಿಯಿಂದ ಗಿಳಿ ಮಾಡುವುದನ್ನು ಬರೆದಿದ್ದರು. ಅದನ್ನು ಓದಿ ನಾವೆಲ್ಲ ಗಿಳಿ ಮಾಡಿದೆವು. ಈ ಸಲ ಕೈಕೆಲಸದ ಪುಟಕ್ಕೆ ನೀನು ಬರಿ ಎಂದು ಮೇಷ್ಟ್ರು ನನಗೆ ಹೇಳಿದರು. ನಾನು ಉಣ್ಣೆ ಮತ್ತು ತಂತಿಯಿಂದ ಕುರಿಮರಿ ಮಾಡುವುದನ್ನು ಬರೆಯುತ್ತೇನೆ. ನನಗೆ ಇದು ಎರಡು ಸಲ ಕೆಟ್ಟಿತು. ಮೂರನೇ ಸಲ ಸರಿಯಾಯಿತು. "ಕೆಟ್ಟಿದ್ದನ್ನೂ ಬರಿ, ಓದೋರಿಗೆ ಅದರಿಂದಲೇ ಜಾಸ್ತಿ ಉಪಯೋಗ" ಅಂತ ಮೇಷ್ಟ್ರು ಹೇಳಿದ್ದರಿಂದ ಎಲ್ಲವನ್ನೂ ಬರೆದಿದ್ದೇನೆ. ಎರಡು ಹಾಳೆ ಆಗಿದೆ. ನಿಂತುಕೊಂಡೇ ಓದಬೇಕು, ಬೇಸರ ಮಾಡಿಕೊಳ್ಳಬೇಡಿ.

ನಾನು ಇದನ್ನು ಯಾಕೆ ಮಾಡಿದೆ?

ನಮ್ಮ ಮನೆಯಲ್ಲಿ ಕುರಿ ಇರುವುದು ನಿಮಗೆಲ್ಲ ಗೊತ್ತು. ಹೋದ ಆಷಾಢದಲ್ಲಿ ಒಂದು ಕುರಿ ಮರಿ ಹಾಕಿ ಎರಡನೇ ದಿನವೇ ಸತ್ತುಹೋಯಿತು. ಮರಿ ತಬ್ಬಲಿಯಾಯಿತು. ಅಮ್ಮ ಅದಕ್ಕೆ ಬಾಟಲಿಯಲ್ಲಿ ಮೇಕೆ ಹಾಲು ಕುಡಿಸಿ ಬದುಕಿಸಿದಳು. ಆಮೇಲೆ ಆ ಕೆಲಸ ನನ್ನ ತಂಗಿಯದಾಯಿತು. ಅವಳು ಇನ್ನೂ ಅಂಗನವಾಡಿಗೆ ಹೋಗುತ್ತಾಳೆ. ಮರಿ ಮೈಯೆಲ್ಲ ಕಪ್ಪು, ಹಣೆಯಲ್ಲಿ ಮಾತ್ರ ಒಂದು ಬಿಳಿ ಚುಕ್ಕೆ. ಅವಳು ಅದಕ್ಕೆ ಕರಿಯ ಅಂತ ಹೆಸರಿಟ್ಟಳು. ಅಂಗನವಾಡಿಯ ಬಾಗಿಲ ತನಕ ಅದು ಅವಳ ಹಿಂದೆಯೇ ಹೋಗುತ್ತಿತ್ತು.

ಡಿಸೆಂಬರ್ ತಿಂಗಳಲ್ಲಿ ನಮ್ಮ ಶಾಲೆಯಿಂದ ಹಂಪಿಗೆ ಪ್ರವಾಸ ಹೊರಟಿತು. ನಾನೂ ಹೋಗ್ತೀನಿ ಅಂತ ಮನೆಯಲ್ಲಿ ಮೂರು ದಿನ ಹಟ ಮಾಡಿದೆ. ಒಂದು ರಾತ್ರಿ ಊಟವನ್ನೂ ಬಿಟ್ಟೆ. ಆ ವಾರದ ಸಂತೆಗೆ ಅಪ್ಪ ನಾಲ್ಕು ಗಂಡು ಮರಿ ಹೊಡೆದುಕೊಂಡು ಹೋದರು. ಅದರಲ್ಲಿ ಕರಿಯನೂ ಒಂದು. ಸಂಜೆ ಬಂದು ನನ್ನ ಕೈಗೆ ಪ್ರವಾಸದ ದುಡ್ಡು ಕೊಟ್ಟರು. ನಿನಗೋಸ್ಕರ ಮಾರಿದೆ ಅಂತ ಅವರು ಹೇಳಲಿಲ್ಲ. ಗಂಡು ಮರಿಗಳನ್ನು ಯಾವತ್ತಿದ್ದರೂ ಮಾರಲೇಬೇಕು, ಕುರಿ ಸಾಕೋರ ಮನೆಯಲ್ಲಿ ಅದೇ ಬದುಕು. ಆದರೂ ತಂಗಿ ಬಾಟಲಿ ಹಿಡಿದುಕೊಂಡು ರೊಪ್ಪದಲ್ಲಿ ಹುಡುಕುತ್ತಿದ್ದಾಗ ನನಗೆ ಅವಳ ಮುಖ ನೋಡೋಕೆ ಆಗಲಿಲ್ಲ.

ಪ್ರವಾಸದಲ್ಲಿ ವಾಪಸು ಬರುವಾಗ ಹೊಸಪೇಟೆಯಲ್ಲಿ ಒಂದು ಅಂಗಡಿಯಲ್ಲಿ ಉಲ್ಲನ್ನಿನ ಕುರಿ ಬೊಂಬೆ ನೋಡಿದೆ. ಹತ್ತಿಯ ಹಾಗೆ ಬೆಳ್ಳಗಿತ್ತು, ಕೊರಳಿಗೆ ಗುಲಾಬಿ ರಿಬ್ಬನ್ ಕಟ್ಟಿತ್ತು. ನನ್ನ ಹತ್ತಿರ ಉಳಿದಿದ್ದ ದುಡ್ಡು ಸಾಲಲಿಲ್ಲ. ಆದರೆ ತಿರುಗಿಸಿ ನೋಡಿದಾಗ ಕಾಲಿನ ತುದಿಯಲ್ಲಿ ತಂತಿ ಕಾಣಿಸಿತು. ಓ, ಒಳಗೆ ತಂತಿ ಇಟ್ಟು ಮೇಲೆ ದಾರ ಸುತ್ತಿದ್ದಾರೆ, ಇದನ್ನು ನಾನೇ ಮಾಡಬಹುದು ಅಂದುಕೊಂಡೆ.

ಮೊದಲನೇ ಸಲ: ಕುರಿ ಮೊಲವಾಯಿತು

ಊರಿಗೆ ಬಂದ ಮೇಲೆ ಅಂಗಡಿಯಿಂದ ಬಿಳಿ ಉಲ್ಲನ್ ಉಂಡೆ ತಂದೆ. ಪಕ್ಕದ ಬೀದಿಯಲ್ಲಿ ಮನೆ ಕಟ್ಟುತ್ತಿದ್ದರು. ಅಲ್ಲಿ ಬಿದ್ದಿದ್ದ ಬೈಂಡಿಂಗ್ ತಂತಿ ತುಂಡುಗಳನ್ನು ಗಾರೆ ಮೇಸ್ತ್ರಿಯನ್ನು ಕೇಳಿ ತಂದೆ. ಒಂದೇ ಎಳೆ ತಂತಿಯಿಂದ ಕುರಿ ಆಕಾರ ಬಗ್ಗಿಸಿ ಮೇಲೆ ಉಲ್ಲನ್ ಸುತ್ತಿದೆ. ಸುತ್ತುತ್ತಾ ಹೋದ ಹಾಗೆ ಮೈ ಭಾರವಾಗಿ ಕಾಲು ನಾಲ್ಕೂ ನಾಲ್ಕು ಕಡೆ ಮಡಚಿಕೊಂಡವು. ಗೋಡೆಗೆ ಒರಗಿಸಿ ತಂಗಿಗೆ ತೋರಿಸಿದೆ. ಅವಳು ನೋಡಿ, "ಅಕ್ಕಾ, ಇದು ಮೊಲ" ಅಂದಳು. ಕುರಿ ಕಣೇ ಅಂದರೂ ಕೇಳಲಿಲ್ಲ. "ಕುರಿ ಕರ್ರಗಿರುತ್ತೆ" ಅಂತ ಹೇಳಿ ಹೊರಟುಹೋದಳು.

ಅವಳು ಹೇಳಿದ್ದು ಸರಿ. ನಮ್ಮ ರೊಪ್ಪದಲ್ಲಿ ಒಂದೂ ಬಿಳಿ ಕುರಿ ಇಲ್ಲ. ನಾನು ದಿನಾ ಕುರಿ ನಡುವೆ ಇದ್ದುಕೊಂಡು ಅಂಗಡಿಯ ಬೊಂಬೆ ನೋಡಿ ಕುರಿ ಮಾಡಿದ್ದೆ.

ಅಜ್ಜಿ ಹೇಳಿದ ಎರಡು ಮಾತು

ಅಜ್ಜಿ ಜಗುಲಿಯಲ್ಲಿ ಕೂತು ಎಲ್ಲಾ ನೋಡುತ್ತಿದ್ದಳು. ಮುರಿದ ತಂತಿ ಕೈಗೆ ತೆಗೆದುಕೊಂಡು, "ಒಂಟಿ ಎಳೆ ಎಲ್ಲಿ ನಿಲ್ತೈತೆ? ಎರಡು ಎಳೆ ಕೂಡಿಸಿ ಹುರಿ ಹಾಕು" ಅಂದಳು. ಅಜ್ಜಿ ಮೊದಲು ಕಂಬಳಿ ನೇಯುವವರಿಗೆ ಉಣ್ಣೆ ನೂಲು ತೆಗೆದುಕೊಡುತ್ತಿದ್ದಳು. ನೂಲಿಗೆ ಹುರಿ ಹಾಕಿದರೆ ಗಟ್ಟಿಯಾಗುತ್ತದೆ ಎಂದು ಅವಳಿಗೆ ಗೊತ್ತು. ತಂತಿಗೂ ಅದೇ ಲೆಕ್ಕ. ನಾನು ಎರಡು ಎಳೆ ಹುರಿ ಹಾಕಿ ನೋಡಿದೆ. ಒಂಟಿ ಎಳೆ ಬೆರಳು ಒತ್ತಿದರೆ ಬಗ್ಗುತ್ತಿತ್ತು. ಹುರಿ ಹಾಕಿದ್ದು ಬಗ್ಗಿಸಲು ಎರಡೂ ಕೈ ಬೇಕಾಯಿತು.

ಎರಡನೇ ಮಾತು, "ಕುರಿ ಮಾಡೋಳು ಕುರೀನ ಒಂದ್ಸಲ ನೋಡ್ಬಾರದೇನೇ?" ಅಂದಳು.

ಅದಕ್ಕೆ ಒಂದು ಭಾನುವಾರ ಬೆಳಿಗ್ಗೆ ಪುಸ್ತಕ, ಪೆನ್ಸಿಲ್ಲು ತೆಗೆದುಕೊಂಡು ರೊಪ್ಪಕ್ಕೆ ಹೋದೆ. ಕರಿಯನ ವಾರಿಗೆಯ ಇನ್ನೊಂದು ಮರಿಯನ್ನು ಅಮ್ಮ ಹಿಡಿದುಕೊಂಡಳು, ನಾನು ಗೇಣು ಹಾಕಿ ಅಳೆದೆ. ನೋಡಿ ಬರೆದುಕೊಂಡಿದ್ದು ಇಷ್ಟು:

1. ನಮ್ಮ ಕಡೆ ಕುರಿ ಕಾಲು ಉದ್ದ. ಎದೆಯಿಂದ ಹಿಂಭಾಗದ ತನಕ ಮೂರು ಗೇಣು. ನೆಲದಿಂದ ಬೆನ್ನಿನ ಎತ್ತರವೂ ಹೆಚ್ಚು ಕಡಿಮೆ ಮೂರು ಗೇಣು. ಅಂಗಡಿಯ ಬೊಂಬೆಗೆ ಕಾಲು ಗಿಡ್ಡ, ಮೈ ಉರುಟು.

2. ಮೂಗು ನೇರವಾಗಿಲ್ಲ. ಹಣೆಯಿಂದ ಮೂತಿಯ ತನಕ ಬಿಲ್ಲಿನ ಹಾಗೆ ಸ್ವಲ್ಪ ಉಬ್ಬಿದೆ.

3. ಕಿವಿ ಜೋತು ಬಿದ್ದಿರುತ್ತದೆ. ಬಾಲವೂ ಕೆಳಗೆ ಜೋತಿರುತ್ತದೆ. ಮೇಕೆಯ ಬಾಲ ಮೇಲಕ್ಕೆ ಎತ್ತಿರುತ್ತದೆ. ಬೊಂಬೆಯ ಬಾಲ ಎತ್ತಿಬಿಟ್ಟರೆ ಅದು ಮೇಕೆಯಾಗುತ್ತದೆ.

4. ಗೊರಸು ಎರಡು ಸೀಳು.

5. ಕಣ್ಣಿನ ಪಾಪೆ ನಮ್ಮ ಹಾಗೆ ಗುಂಡಗಿಲ್ಲ. ಹಳದಿ ಕಣ್ಣಿನಲ್ಲಿ ಅಡ್ಡ ಗೆರೆ ಎಳೆದ ಹಾಗಿದೆ. ಇದರಿಂದ ಕುರಿ ತಲೆ ಬಗ್ಗಿಸಿ ಮೇಯುವಾಗಲೂ ಸುತ್ತಮುತ್ತ ಬಹಳ ದೂರದ ತನಕ ಕಾಣುತ್ತದೆ. ತೋಳ, ನಾಯಿ ಬಂದರೆ ಬೇಗ ತಿಳಿಯುತ್ತದೆ.

6. ಮುಖದ ಮೇಲೆ, ಮೊಣಕಾಲಿನ ಕೆಳಗೆ ಉಣ್ಣೆ ಇಲ್ಲ, ಬರೀ ಕೂದಲು. ಉಣ್ಣೆ ಇರುವುದು ಮೈ ಮೇಲೆ ಮಾತ್ರ.

7. ಕಪ್ಪು ಉಣ್ಣೆ ಪೂರ್ತಿ ಕಪ್ಪಲ್ಲ. ಬಿಸಿಲಿಗೆ ತುದಿಯೆಲ್ಲ ಕೆಂಚಗಾಗಿರುತ್ತದೆ. ಬೆರಳಿನಿಂದ ಬಿಡಿಸಿ ನೋಡಿದರೆ ಬುಡದಲ್ಲಿ ಕಪ್ಪು.

ಹುಟ್ಟಿದಾಗಿನಿಂದ ಕುರಿ ನೋಡುತ್ತಿದ್ದೇನೆ. ಇದರಲ್ಲಿ ಅರ್ಧ ನನಗೆ ಗೊತ್ತೇ ಇರಲಿಲ್ಲ.

ಅಂಗಡಿ ಉಲ್ಲನ್ ಮತ್ತು ಕುರಿಯ ಉಣ್ಣೆ

ನಾನು ತಂದ ಬಿಳಿ ಉಲ್ಲನ್ ಯಾವ ಕುರಿಯದು ಎಂದು ವಿಜ್ಞಾನದ ಮೇಷ್ಟ್ರನ್ನು ಕೇಳಿದೆ. "ಪರೀಕ್ಷೆ ಮಾಡಿಯೇ ನೋಡೋಣ" ಎಂದು ಅವರು ತರಗತಿಯಲ್ಲಿ ಒಂದು ಪ್ರಯೋಗ ಮಾಡಿದರು. ಒಂದು ತಟ್ಟೆಯಲ್ಲಿ ನೀರು ಇಟ್ಟುಕೊಂಡು, ಇಕ್ಕಳದಲ್ಲಿ ಮೊದಲು ಅಂಗಡಿಯ ಉಲ್ಲನ್ ಹಿಡಿದು ಬೆಂಕಿ ಮುಟ್ಟಿಸಿದರು. ಅದು ಮುದುಡಿ, ಕರಗಿ, ಆರಿದ ಮೇಲೆ ತುದಿಯಲ್ಲಿ ಗಟ್ಟಿ ಮಣಿಯ ಹಾಗಾಯಿತು. ಆಮೇಲೆ ನಮ್ಮ ಹಳೇ ಕಂಬಳಿಯ ಒಂದು ಎಳೆ ಹಿಡಿದರು. ಅದು ಕರಗಲಿಲ್ಲ. ನಿಧಾನವಾಗಿ ಉರಿದು ತಾನೇ ಆರಿತು. ಕೂದಲು ಸುಟ್ಟ ವಾಸನೆ ಬಂತು. ಬೂದಿ ಬೆರಳಲ್ಲಿ ಒತ್ತಿದರೆ ಪುಡಿಯಾಯಿತು.

ಇದರಿಂದ ತಿಳಿಯುವುದೇನೆಂದರೆ, ಅಂಗಡಿಯಲ್ಲಿ ಉಲ್ಲನ್ ಎಂದು ಕೊಡುವ ದಾರದಲ್ಲಿ ಬಹಳಷ್ಟು ಅಕ್ರಿಲಿಕ್ ಎಂಬ ಕೃತಕ ನೂಲು. ಅದನ್ನು ಕಾರ್ಖಾನೆಯಲ್ಲಿ ರಾಸಾಯನಿಕಗಳಿಂದ ಮಾಡುತ್ತಾರೆ. ಕುರಿಯ ಉಣ್ಣೆ ನಮ್ಮ ಕೂದಲು, ಉಗುರಿನ ಹಾಗೆ ಕೆರಾಟಿನ್ ಎಂಬ ಪ್ರೋಟೀನಿನಿಂದ ಆಗಿದೆ. ಅದಕ್ಕೇ ಕೂದಲಿನ ವಾಸನೆ ಬಂದಿದ್ದು. (ಈ ಪ್ರಯೋಗವನ್ನು ಮನೆಯಲ್ಲಿ ಒಬ್ಬರೇ ಮಾಡಬೇಡಿ. ಕರಗಿದ ನೂಲು ಕೈಗೆ ಅಂಟಿದರೆ ಸುಟ್ಟ ಗಾಯವಾಗುತ್ತದೆ.)

ಆವಾಗ ನನಗೆ ಹೊಳೆಯಿತು. ದುಡ್ಡು ಕೊಟ್ಟು ಕುರಿಯದ್ದಲ್ಲದ ಉಲ್ಲನ್ ತಂದಿದ್ದೇನೆ, ನಮ್ಮ ರೊಪ್ಪದ ಮೂಲೆಯಲ್ಲಿ ನಿಜವಾದ ತುಪ್ಪಟ ಗೋಣಿಚೀಲದಲ್ಲಿ ಬಿದ್ದಿದೆ. ನಮ್ಮಲ್ಲಿ ವರ್ಷಕ್ಕೆ ಎರಡು ಸಲ ಕುರಿ ತುಪ್ಪಟ ಕತ್ತರಿಸುತ್ತೇವೆ. ಮೊದಲು ಅದನ್ನು ಕೊಳ್ಳಲು ಮನೆ ಬಾಗಿಲಿಗೇ ಬರುತ್ತಿದ್ದರಂತೆ. ಈಗ ನಮ್ಮ ಮನೆಗೆ ಬರುವವರು ಬಹಳ ಕಡಿಮೆ. ಡೆಕ್ಕನಿ ಕುರಿಯ ಉಣ್ಣೆ ಒರಟು. ಅದರಿಂದ ನಯವಾದ ಸ್ವೆಟರ್ ಆಗುವುದಿಲ್ಲ. ಕಂಬಳಿಗೆ ಮಾತ್ರ ಅದೇ ಸರಿ. ಕಂಬಳಿ ನೇಯುವಾಗ ನೂಲಿಗೆ ಹುಣಸೆ ಬೀಜದ ಗಂಜಿ ಹಾಕುತ್ತಾರೆ, ಅದರಿಂದ ನೂಲು ಬಿಗಿಯಾಗುತ್ತದೆ. ನಮ್ಮ ಚಳ್ಳಕೆರೆ ಸೀಮೆಯ ಕಂಬಳಿ ಹೆಸರುವಾಸಿ ಎಂದು ನಿಮಗೆಲ್ಲ ಗೊತ್ತಿದೆ.

ಎರಡನೇ ಸಲ: ಉಣ್ಣೆ ಗಂಟಾಯಿತು

ಚೀಲದಿಂದ ಎರಡು ಹಿಡಿ ತುಪ್ಪಟ ತೆಗೆದೆ. ಅದರಲ್ಲಿ ಜಿಡ್ಡು, ಮಣ್ಣು, ಹಿಕ್ಕೆ, ಮುಳ್ಳು ಎಲ್ಲಾ ಇತ್ತು. ಚೆನ್ನಾಗಿ ಕೊಳೆ ಹೋಗಲಿ ಅಂತ ಸ್ನಾನದ ಹಂಡೆಯಿಂದ ಕುದಿಯುವ ನೀರು ತೆಗೆದು, ಬಟ್ಟೆ ಸೋಪು ಹಾಕಿ, ಕಲ್ಲಿನ ಮೇಲೆ ತಿಕ್ಕಿ ತಿಕ್ಕಿ ಒಗೆದೆ. ಕೊಳೆ ಹೋಯಿತು. ಆದರೆ ಉಣ್ಣೆ ಮುದ್ದೆಯಾಗಿ ದಪ್ಪ ರೊಟ್ಟಿಯ ಹಾಗೆ ಕೂಡಿಕೊಂಡಿತು. ಎಷ್ಟು ಎಳೆದರೂ ಎಳೆ ಬಿಡಲಿಲ್ಲ.

ಅಜ್ಜಿ ನೋಡಿ, "ಬಿಸಿನೀರಲ್ಲಿ ತಿಕ್ಕಿದೆಯಾ? ಇನ್ನು ಇದು ನೂಲಾಗಲ್ಲ" ಅಂತ ನಕ್ಕಳು. ಮೇಷ್ಟ್ರು ಇದರ ಕಾರಣ ಹೇಳಿದರು. ಉಣ್ಣೆಯ ಒಂದೊಂದು ಎಳೆಯ ಮೇಲೂ ಮೀನಿನ ಹೊರಪೆಯ ಹಾಗೆ ಸಣ್ಣ ಸಣ್ಣ ಪದರ ಇರುತ್ತದೆ, ಅದು ಸೂಕ್ಷ್ಮದರ್ಶಕದಲ್ಲಿ ಮಾತ್ರ ಕಾಣುತ್ತದೆ. ಬಿಸಿನೀರು, ಸೋಪು ಹಾಕಿ ತಿಕ್ಕಿದಾಗ ಆ ಪದರಗಳು ಒಂದಕ್ಕೊಂದು ಸಿಕ್ಕಿಹಾಕಿಕೊಳ್ಳುತ್ತವೆ. ಆಮೇಲೆ ಬಿಡುವುದಿಲ್ಲ.

ಆ ಮುದ್ದೆಯನ್ನು ನಾನು ಎಸೆಯಲಿಲ್ಲ. ಅದು ಯಾವುದಕ್ಕೆ ಬಂತು ಎಂದು ಮುಂದೆ ಹೇಳುತ್ತೇನೆ.

ಉಣ್ಣೆ ತೊಳೆದು ನೂಲು ತೆಗೆಯುವ ಸರಿಯಾದ ಕ್ರಮ

ಮೊದಲು ಒಣಗಿರುವಾಗಲೇ ಮುಳ್ಳು, ಹಿಕ್ಕೆ ಆರಿಸಿ ತೆಗೆಯಬೇಕು. ಅಂಟುವಾಳ ಕಾಯಿಯನ್ನು ನೆನೆಸಿ ನೊರೆ ಬರಿಸಿದ ಉಗುರು ಬೆಚ್ಚಗಿನ ನೀರಿನಲ್ಲಿ ಉಣ್ಣೆಯನ್ನು ಅದ್ದಿ ಅರ್ಧ ಗಂಟೆ ಸುಮ್ಮನೆ ಬಿಡಬೇಕು. ತಿಕ್ಕಬಾರದು, ಹಿಂಡಬಾರದು. ಮೆಲ್ಲಗೆ ಒತ್ತಿ ತೆಗೆದು, ಎರಡು ಸಲ ಅಷ್ಟೇ ಬೆಚ್ಚಗಿನ ಬೇರೆ ನೀರಿನಲ್ಲಿ ಅದ್ದಿ, ನೆರಳಲ್ಲಿ ಒಣಗಿಸಬೇಕು. ಒಣಗಿದ ಮೇಲೆ ಬೆರಳಿನಿಂದ ಹಿಂಜಿ ಹಿಂಜಿ ಎಳೆಗಳನ್ನು ಬಿಡಿಸಬೇಕು.

ಅಜ್ಜಿ ಅಟ್ಟದ ಮೇಲಿಂದ ಕದಿರು ತೆಗೆಸಿದಳು. ಅವಳು ಅದನ್ನು ಮುಟ್ಟಿ ಎಷ್ಟೋ ವರ್ಷ ಆಗಿತ್ತು. ಕಣ್ಣು ಸರಿಯಾಗಿ ಕಾಣಲ್ಲ ಅಂತ ಯಾವಾಗಲೂ ಹೇಳುತ್ತಿದ್ದವಳು, ಅವತ್ತು ನೂಲು ತೆಗೆಯುವಾಗ ಕೈ ನೋಡಲೇ ಇಲ್ಲ. ನಮ್ಮ ಜೊತೆ ಮಾತಾಡುತ್ತಾ ಮಾತಾಡುತ್ತಾ ಎಳೆ ಎಳೆದಳು. ನಾನು ಎಳೆದರೆ ಒಂದು ಕಡೆ ದಪ್ಪ, ಒಂದು ಕಡೆ ಸಣ್ಣ, ಪಟ್ ಅಂತ ತುಂಡು. ನನ್ನ ನೂಲು ನಾಲ್ಕು ಮಾರು ಆಗುವಷ್ಟರಲ್ಲಿ ಅಜ್ಜಿಯದು ಒಂದು ಉಂಡೆ ಆಗಿತ್ತು.

ಮೂರನೇ ಸಲ: ಕುರಿಮರಿ ಮಾಡುವ ವಿಧಾನ

ಬೇಕಾಗುವ ಸಾಮಾನುಗಳು:

1. ಬೈಂಡಿಂಗ್ ತಂತಿ (ಕಬ್ಬಿಣದ ಸರಳು ಕಟ್ಟುವ ಕಪ್ಪು ತಂತಿ): 50 ಸೆಂ.ಮೀ. ತುಂಡು ಒಂದು, 40 ಸೆಂ.ಮೀ. ತುಂಡು ಎರಡು
2. ಇಕ್ಕಳ ಮತ್ತು ಒಂದು ದೊಡ್ಡ ಮೊಳೆ
3. ಹಳೇ ಬನಿಯನ್ನಿನ ಬಟ್ಟೆ, ಎರಡು ಬೆರಳು ಅಗಲದ ಪಟ್ಟಿಗಳು
4. ಕಪ್ಪು ಉಣ್ಣೆ ನೂಲು ಒಂದು ಸಣ್ಣ ಉಂಡೆ
5. ದಬ್ಬಳ, ಸೂಜಿ, ಕಪ್ಪು, ಬಿಳಿ, ಹಳದಿ ದಾರ
6. ಹಳೇ ಕಂಬಳಿ ಚೂರು
7. ಕತ್ತರಿ, ಗೋಂದು, ಸ್ಕೇಲು

ಅಳತೆ: ಇದಕ್ಕೆ ನಮ್ಮ ಗಣಿತದ ಅನುಪಾತದ ಪಾಠ ಉಪಯೋಗವಾಯಿತು. ನನ್ನ ಗೇಣು 16 ಸೆಂ.ಮೀ. ಮೂರು ಗೇಣು ಅಂದರೆ 48 ಸೆಂ.ಮೀ. ಬೊಂಬೆಯ ಮೈ 8 ಸೆಂ.ಮೀ. ಇಟ್ಟುಕೊಂಡೆ. 48 ಕ್ಕೆ 8, ಅಂದರೆ 6 ಕ್ಕೆ 1. ಆದ್ದರಿಂದ ಮರಿಯ ಪ್ರತಿಯೊಂದು ಅಳತೆಯನ್ನೂ 6 ರಿಂದ ಭಾಗಿಸಿದೆ. ತಲೆ 18 ಸೆಂ.ಮೀ. ಇತ್ತು, ಬೊಂಬೆಗೆ 3. ಕಿವಿ 12 ಇತ್ತು, ಬೊಂಬೆಗೆ 2. ನೀವು ದೊಡ್ಡದು ಮಾಡುವುದಾದರೆ ಎಲ್ಲಾ ಅಳತೆಯನ್ನೂ ಒಂದೇ ಸಮ ಹೆಚ್ಚಿಸಿ.

ಹಂತ 1: ಹುರಿ ಹಾಕುವುದು. 50 ಸೆಂ.ಮೀ. ತಂತಿಯನ್ನು ನಡುವಿಗೆ ಮಡಚಿ. ಮಡಚಿದ ಕಡೆ ಮೊಳೆ ತೂರಿಸಿ. ಎರಡು ತುದಿಗಳನ್ನು ಗೆಳೆಯರೊಬ್ಬರು ಇಕ್ಕಳದಲ್ಲಿ ಹಿಡಿದುಕೊಳ್ಳಲಿ. ನೀವು ಮೊಳೆಯನ್ನು ತಿರುಗಿಸುತ್ತಾ ಹೋಗಿ. ತಂತಿ ಹಗ್ಗದ ಹಾಗೆ ಹುರಿಯಾಗುತ್ತದೆ. ಬಿಗಿಯಾದ ಕೂಡಲೇ ನಿಲ್ಲಿಸಬೇಕು. ಇನ್ನೂ ತಿರುಗಿಸಿದರೆ ತಂತಿ ಕಡಿದುಹೋಗುತ್ತದೆ. 40 ಸೆಂ.ಮೀ. ತುಂಡುಗಳಿಗೂ ಹೀಗೇ ಮಾಡಿ.

ಹಂತ 2: ಬೆನ್ನೆಲುಬು. ಉದ್ದದ ಹುರಿಯಲ್ಲಿ ಒಂದು ತುದಿಯಿಂದ 3 ಸೆಂ.ಮೀ. ಮಡಚಿ ಹಿಂದಕ್ಕೆ ತನ್ನಿ, ಇದು ತಲೆ. ಆಮೇಲೆ 4 ಸೆಂ.ಮೀ. ಕತ್ತು, ಸ್ವಲ್ಪ ಮೇಲಕ್ಕೆ ಓರೆಯಾಗಿರಲಿ. ಆಮೇಲೆ 8 ಸೆಂ.ಮೀ. ಬೆನ್ನು. ಉಳಿದದ್ದನ್ನು ಮಡಚಿ 2 ಸೆಂ.ಮೀ. ಬಾಲ ಮಾಡಿ ಕೆಳಗೆ ಬಗ್ಗಿಸಿ. ಜಾಸ್ತಿ ಉಳಿದರೆ ಕತ್ತರಿಸಿ.

ಹಂತ 3: ಕಾಲುಗಳು. ಒಂದು ಗಿಡ್ಡ ಹುರಿಯ ನಡುಭಾಗವನ್ನು ಕತ್ತಿನ ಬುಡದಲ್ಲಿ ಬೆನ್ನಿಗೆ ಒಂದು ಸುತ್ತು ಬಿಗಿಯಾಗಿ ಸುತ್ತಿ. ಎರಡು ಕಡೆಗೂ ಸಮವಾಗಿ ಇಳಿಬಿಡಿ. ಇನ್ನೊಂದನ್ನು ಬಾಲದ ಹತ್ತಿರ ಸುತ್ತಿ. ಪ್ರತಿ ಕಾಲಿನ ತುದಿಯಲ್ಲೂ 1 ಸೆಂ.ಮೀ. ಮಡಚಿ ಗೊರಸು ಮಾಡಿ. ತಂತಿಯ ಚೂಪು ತುದಿ ಹೊರಗೆ ಕಾಣಬಾರದು, ಸಣ್ಣ ಮಕ್ಕಳ ಕೈಗೆ ಚುಚ್ಚುತ್ತದೆ.

ಈಗಲೇ ಮೇಜಿನ ಮೇಲೆ ನಿಲ್ಲಿಸಿ ನೋಡಿ. ಬೀಳುತ್ತಿದ್ದರೆ ಕಾಲುಗಳನ್ನು ಸ್ವಲ್ಪ ಅಗಲ ಮಾಡಿ. ಭಾರವೆಲ್ಲ ನಾಲ್ಕು ಕಾಲುಗಳ ನಡುವಿನ ಜಾಗದೊಳಗೆ ಇಳಿದರೆ ಬೊಂಬೆ ನಿಲ್ಲುತ್ತದೆ. ಹೊರಗೆ ಹೋದರೆ ಬೀಳುತ್ತದೆ. ನನ್ನದು ಮುಂದಕ್ಕೆ ಬೀಳುತ್ತಿತ್ತು. ಮುಂಗಾಲು ಸ್ವಲ್ಪ ಮುಂದಕ್ಕೆ ಸರಿಸಿದ ಮೇಲೆ ನಿಂತಿತು. ಎಲುಬು ನಿಲ್ಲದೆ ಮೇಲೆ ಉಣ್ಣೆ ಹಾಕಬೇಡಿ, ಆಮೇಲೆ ಸರಿಮಾಡಲು ಆಗುವುದಿಲ್ಲ.

ಹಂತ 4: ಹೊಟ್ಟೆ. ಬನಿಯನ್ ಪಟ್ಟಿಯನ್ನು ಬೆನ್ನಿಗೆ ಬಿಗಿಯಾಗಿ ಸುತ್ತಿ ದಾರದಿಂದ ಕಟ್ಟಿ. ಎದೆಗಿಂತ ಹೊಟ್ಟೆ ದಪ್ಪ ಇರಲಿ. ಕುರಿ ಹೊಟ್ಟೆಯಲ್ಲಿ ನಾಲ್ಕು ಭಾಗಗಳಿವೆ, ಮೇಯ್ದು ಬಂದ ಕುರಿಯ ಹೊಟ್ಟೆ ಯಾವಾಗಲೂ ಉಬ್ಬಿಯೇ ಇರುತ್ತದೆ. ಹಣೆಯಿಂದ ಮೂತಿಗೆ ಒಂದು ಸಣ್ಣ ಚೂರು ಬಟ್ಟೆ ಇಟ್ಟು ಸುತ್ತಿದರೆ ಆ ಉಬ್ಬಿದ ಮೂಗು ಬರುತ್ತದೆ. ಇದನ್ನು ಮರೆಯಬೇಡಿ, ಇದರಿಂದಲೇ ಅದು ನಮ್ಮ ಕುರಿ ಎಂದು ಗೊತ್ತಾಗುವುದು.

ಹಂತ 5: ಕಾಲು ಮತ್ತು ಮುಖಕ್ಕೆ ನೂಲು ಸುತ್ತುವುದು. ಗೊರಸಿನ ಹತ್ತಿರ ಸ್ವಲ್ಪ ಗೋಂದು ಹಚ್ಚಿ, ಕೆಳಗಿನಿಂದ ಮೇಲಕ್ಕೆ ಒತ್ತೊತ್ತಾಗಿ ನೂಲು ಸುತ್ತಿ. ತಂತಿ ಎಲ್ಲೂ ಕಾಣಬಾರದು. ಗೊರಸಿನ ಮುಂದೆ ದಾರದಿಂದ ಬಿಗಿದರೆ ಎರಡು ಸೀಳು ಕಾಣುತ್ತದೆ. ಮುಖಕ್ಕೂ ಹೀಗೇ ಸುತ್ತಿ. ಇಲ್ಲಿ ಕುಚ್ಚು ಬೇಡ, ಮುಖದಲ್ಲಿ ಉಣ್ಣೆ ಇರುವುದಿಲ್ಲ ಎಂದು ಮೊದಲೇ ಬರೆದಿದ್ದೇನೆ.

ಹಂತ 6: ಮೈಗೆ ಉಣ್ಣೆ. ದಬ್ಬಳಕ್ಕೆ ನೂಲು ಪೋಣಿಸಿ. ಹೊಟ್ಟೆಯ ಅಡಿಯಿಂದ ಶುರು ಮಾಡಿ. ಬಟ್ಟೆಯಲ್ಲಿ ಒಂದು ಹೊಲಿಗೆ ಹಾಕಿ, ನೂಲನ್ನು ಪೂರ್ತಿ ಎಳೆಯದೆ ಬೆರಳ ತುದಿಯಷ್ಟು ಕುಣಿಕೆ ಬಿಡಿ. ಪಕ್ಕದಲ್ಲೇ ಇನ್ನೊಂದು ಸಣ್ಣ ಹೊಲಿಗೆಯನ್ನು ಬಿಗಿಯಾಗಿ ಎಳೆಯಿರಿ, ಆಗ ಮೊದಲಿನ ಕುಣಿಕೆ ಬಿಚ್ಚುವುದಿಲ್ಲ. ಒಂದು ಕುಣಿಕೆ, ಒಂದು ಬಿಗಿ. ಹೀಗೆ ಸಾಲು ಸಾಲಾಗಿ ಬೆನ್ನಿನ ತನಕ ಹೋಗಿ. ಈ ಕೆಲಸಕ್ಕೆ ನನಗೆ ನಾಲ್ಕು ಸಂಜೆ ಬೇಕಾಯಿತು. ಅವಸರ ಮಾಡಿದರೆ ನಡುವೆ ಬಟ್ಟೆ ಕಾಣುತ್ತದೆ.

ಹಂತ 7: ತುಪ್ಪಟ ಕತ್ತರಿಸುವುದು. ಎಲ್ಲಾ ಕುಣಿಕೆಗಳ ತುದಿಯನ್ನು ಕತ್ತರಿಯಿಂದ ಕತ್ತರಿಸಿ ಬೆರಳಿನಿಂದ ಹಿಂಜಿ. ಉಣ್ಣೆ ಅರಳಿಕೊಳ್ಳುತ್ತದೆ. ಆಮೇಲೆ ಎತ್ತರ ತಗ್ಗು ಸಮ ಮಾಡಿ. ಅಪ್ಪ ನಿಜವಾದ ಕುರಿಗೆ ಮಾಡುವ ಹಾಗೇ ನಾನೂ ಹೊಟ್ಟೆಯಿಂದ ಬೆನ್ನಿನ ಕಡೆಗೆ ಕತ್ತರಿಸಿದೆ.

ಹಂತ 8: ಕಿವಿ, ಕಣ್ಣು. ಕಿವಿಯನ್ನು ಹಳೇ ಕಂಬಳಿ ಚೂರಿನಲ್ಲಿ ಎಲೆ ಆಕಾರದಲ್ಲಿ ಕತ್ತರಿಸಿ, ಜೋತು ಬೀಳುವ ಹಾಗೆ ಹೊಲಿಯಿರಿ. ನಾನು ಕಂಬಳಿ ಚೂರು ಹುಡುಕಲಿಲ್ಲ. ಬಿಸಿನೀರಲ್ಲಿ ತಿಕ್ಕಿ ಮುದ್ದೆಯಾಗಿದ್ದ ಉಣ್ಣೆ ಇತ್ತಲ್ಲ, ಅದನ್ನೇ ಕತ್ತರಿಸಿದೆ. ದಪ್ಪವಾಗಿ, ಅಂಚು ಬಿಚ್ಚದೆ, ಕಿವಿಗೆ ಹೇಳಿ ಮಾಡಿಸಿದ ಹಾಗಿತ್ತು. ಕಣ್ಣಿಗೆ ಹಳದಿ ದಾರದಿಂದ ಸಣ್ಣ ಗಂಟು ಹೊಲಿದು, ಅದರ ಮೇಲೆ ಕಪ್ಪು ದಾರದಿಂದ ಒಂದು ಅಡ್ಡ ಗೆರೆ ಹಾಕಿ.

ಎಚ್ಚರಿಕೆ: ಕಣ್ಣಿಗೆ ಗುಲಗಂಜಿ ಚೆನ್ನಾಗಿ ಕಾಣುತ್ತದೆ ಎಂದು ಯಾರೂ ಅಂಟಿಸಬೇಡಿ. ಗುಲಗಂಜಿ ಬೀಜ ವಿಷ. ಸಣ್ಣ ಮಕ್ಕಳು ಕಿತ್ತು ಬಾಯಿಗೆ ಹಾಕಿಕೊಂಡು ಅಗಿದರೆ ಪ್ರಾಣಕ್ಕೇ ಅಪಾಯ. ಮಣಿ, ಗುಂಡಿಯನ್ನೂ ಸಣ್ಣ ಮಕ್ಕಳ ಬೊಂಬೆಗೆ ಹಾಕಬಾರದು, ನುಂಗಿಬಿಡುತ್ತಾರೆ. ದಾರದ ಕಣ್ಣೇ ಒಳ್ಳೆಯದು.

ಬೇರೆ ಕುರಿ ಮಾಡುವುದಾದರೆ

ನಮ್ಮ ಕರ್ನಾಟಕದಲ್ಲಿ ಹಲವು ಜಾತಿಯ ಕುರಿಗಳಿವೆ. ಡೆಕ್ಕನಿ, ಬಳ್ಳಾರಿ, ಹಾಸನ, ಕೆಂಗುರಿ, ಮಂಡ್ಯದ ಬನ್ನೂರು ಕುರಿ ಮುಖ್ಯವಾದವು. ಕೆಂಗುರಿ ಹೆಸರೇ ಹೇಳುವ ಹಾಗೆ ಕೆಂಪು ಬಣ್ಣದ್ದು, ಅದರ ಮೈಯಲ್ಲಿ ಉಣ್ಣೆಗಿಂತ ಕೂದಲೇ ಇರುವುದು. ಅದನ್ನು ಮಾಡುವುದಾದರೆ ಕುಣಿಕೆ ಬೇಡ, ಕೆಂಚು ನೂಲನ್ನು ಸುಮ್ಮನೆ ಸುತ್ತಿದರೆ ಸಾಕು. ಬನ್ನೂರು ಕುರಿ ಗಿಡ್ಡ ಕಾಲಿನದು, ಮೈ ಅಗಲ. ಅದಕ್ಕೆ ಕಾಲಿನ ತಂತಿ ಗಿಡ್ಡ ಮಾಡಿ, ಬಟ್ಟೆ ಜಾಸ್ತಿ ಸುತ್ತಬೇಕು. ನಿಮ್ಮ ಮಾವನ ಊರಿನಲ್ಲಿ ಯಾವ ಕುರಿ ಇದೆಯೋ ಅದನ್ನು ನೋಡಿ ಅದನ್ನೇ ಮಾಡಿ.

ಕೊನೆಗೆ ಏನಾಯಿತು?

ಮುಗಿದ ಮೇಲೆ ನಾನು ಎರಡು ಕೆಲಸ ಮಾಡಿದೆ. ಹಣೆಯಲ್ಲಿ ಬಿಳಿ ದಾರದಿಂದ ಒಂದು ಚುಕ್ಕೆ ಹೊಲಿದೆ. ಎಡಗಿವಿಯ ತುದಿಯನ್ನು ಸ್ವಲ್ಪ ಸೀಳಿದೆ. ನಮ್ಮ ಕುರಿ ಎಂದು ಗುರುತಿಗೆ ಅಪ್ಪ ಎಲ್ಲಾ ಮರಿಗಳ ಎಡಗಿವಿಯನ್ನೂ ಹಾಗೆ ಸೀಳುತ್ತಾರೆ.

ತಂಗಿ ಅಂಗನವಾಡಿಯಿಂದ ಬರುವ ಹೊತ್ತಿಗೆ ಅದನ್ನು ಬಾಗಿಲ ಹತ್ತಿರ ನಿಲ್ಲಿಸಿದೆ. ನಾನು ಏನೂ ಹೇಳಲಿಲ್ಲ. ಅವಳು ಬಂದು ನೋಡಿದಳು. ಕೂತುಕೊಂಡು ಮೊದಲು ಹಣೆ ಮುಟ್ಟಿದಳು, ಆಮೇಲೆ ಕಿವಿ ಎತ್ತಿ ಸೀಳು ನೋಡಿದಳು. ಆಮೇಲೆ ಮೂಸಿದಳು. ಉಣ್ಣೆಯಲ್ಲಿ ಇನ್ನೂ ಕುರಿ ವಾಸನೆ ಇತ್ತು. "ಕರಿಯ ಚಿಕ್ಕೋನಾಗವ್ನೆ" ಅಂದಳು. ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಂಡಳು, ಹೊಗೆ ಅಂತ ಹೇಳಿದಳು. ಒಲೆ ಇನ್ನೂ ಹಚ್ಚಿರಲಿಲ್ಲ.

ರಾತ್ರಿ ತಂಗಿ ಅದರ ಕೊರಳಿಗೆ ದಾರ ಕಟ್ಟಿ ಮಂಚದ ಕಾಲಿಗೆ ಕಟ್ಟಿದಳು. ಮುಂದೆ ಎರಡು ಜಾಲಿ ಸೊಪ್ಪು ಇಟ್ಟಳು. ಅಪ್ಪ ಊಟ ಮಾಡುತ್ತಿದ್ದಾಗ ಹೋಗಿ, "ಅಪ್ಪಾ, ಇದನ್ನೂ ಸಂತೆಗೆ ಹೊಡ್ಕಂಡು ಹೋಗ್ತೀಯಾ?" ಅಂತ ಕೇಳಿದಳು. ಅಪ್ಪ ತುತ್ತು ಹಾಗೇ ಹಿಡಿದುಕೊಂಡು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ಇಲ್ಲ ಕಣವ್ವ, ಇದು ನಿಂದು" ಅಂದರು. ನಾನು ತಟ್ಟೆ ನೋಡುತ್ತಾ ಕೂತಿದ್ದೆ. ಅಪ್ಪ ನನ್ನ ಕಡೆ ತಿರುಗಿ, "ಕಾಲು ಚೆನ್ನಾಗಿ ನಿಲ್ಸಿದೀಯ" ಅಂದರು. ಅಷ್ಟೇ ಹೇಳಿದ್ದು.

ಮಾರನೇ ದಿನ ಶಾಲೆಯಿಂದ ಬಂದಾಗ, ರೊಪ್ಪದ ಮೂಲೆಯಲ್ಲಿದ್ದ ತುಪ್ಪಟದ ಚೀಲ ಜಗುಲಿಯ ಮೇಲೆ ಇತ್ತು. ಅಪ್ಪ ತಂದಿಟ್ಟಿದ್ದರು. ಅಜ್ಜಿ ಮುಳ್ಳು ಆರಿಸುತ್ತಾ ಕೂತಿದ್ದಳು.

ಆದ್ದರಿಂದ ಗೆಳೆಯರೇ, ಯಾರಿಗಾದರೂ ಕುರಿಮರಿ ಮಾಡಬೇಕೆಂದಿದ್ದರೆ ಉಲ್ಲನ್ ಕೊಳ್ಳಬೇಡಿ. ಶನಿವಾರ ಮಧ್ಯಾಹ್ನ ನಮ್ಮ ಮನೆಗೆ ಬನ್ನಿ. ತುಪ್ಪಟ ಬೇಕಾದಷ್ಟಿದೆ, ದುಡ್ಡು ಬೇಡ. ಹುರಿ ಹಾಕುವುದನ್ನು ಅಜ್ಜಿ ಹೇಳಿಕೊಡುತ್ತಾಳೆ. ಬರುವಾಗ ತಂತಿ ಮಾತ್ರ ತನ್ನಿ. ಮಾಡುವ ಮೊದಲು ಒಂದು ಸಲ ರೊಪ್ಪದ ಹತ್ತಿರ ನಿಂತು ಕುರಿಯನ್ನು ಚೆನ್ನಾಗಿ ನೋಡಿ.

ಓದಿ ಉತ್ತರಿಸಿ

1. ಒಂಟಿ ಎಳೆಗಿಂತ ಹುರಿ ಹಾಕಿದ ತಂತಿ ಯಾಕೆ ಒಳ್ಳೆಯದು?
2. ಕುರಿಯ ಉಣ್ಣೆ ಮತ್ತು ಅಕ್ರಿಲಿಕ್ ನೂಲನ್ನು ಹೇಗೆ ಗುರುತಿಸುವಿರಿ?
3. ಉಣ್ಣೆಯನ್ನು ಬಿಸಿನೀರಿನಲ್ಲಿ ತಿಕ್ಕಿ ತೊಳೆಯಬಾರದು ಯಾಕೆ?
4. ಒಂದು ಟಗರಿನ ಎತ್ತರ 72 ಸೆಂ.ಮೀ. ಇದೆ. 6 ಕ್ಕೆ 1 ರ ಅನುಪಾತದಲ್ಲಿ ಬೊಂಬೆಯ ಎತ್ತರ ಎಷ್ಟು?
5. ಕುರಿಯ ಬಾಲಕ್ಕೂ ಮೇಕೆಯ ಬಾಲಕ್ಕೂ ಇರುವ ವ್ಯತ್ಯಾಸವೇನು? (ಇದನ್ನು ಇಲ್ಲಿ ನೋಡಿ ಬರೆಯಬೇಡಿ, ಸಾಯಂಕಾಲ ಮಂದೆ ಊರಿಗೆ ಬರುವಾಗ ನೋಡಿ ಬರೆಯಿರಿ.)

ಉತ್ತರಗಳನ್ನು ಚೀಟಿಯಲ್ಲಿ ಬರೆದು ಗೋಡೆ ಪತ್ರಿಕೆಯ ಪೆಟ್ಟಿಗೆಗೆ ಹಾಕಿ. ಸರಿ ಉತ್ತರ ಬರೆದವರ ಹೆಸರು ಮುಂದಿನ ಸಂಚಿಕೆಯಲ್ಲಿ.

ಏಳನೇ ತರಗತಿಯ ವಿದ್ಯಾರ್ಥಿನಿ